ಹತ್ತೊಂಬತ್ತು ಸಾವಿರ ಕಟ್ಟಿದರೆ ಅಸಲಿಗೆ ಹೋಗಿದ್ದು 499 ರೂಪಾಯಿ

ದಾವಣಗೆರೆ ಎಪಿಎಂಸಿ ಯಾರ್ಡಿನ ಒಂದು ದಲ್ಲಾಳಿ ಅಂಗಡಿಯಲ್ಲಿ ನಾನು ಲೆಕ್ಕ ಬರೆಯುತ್ತೇನೆ. ಹದಿನೇಳು ವರ್ಷ ಆಯ್ತು. ಮೆಕ್ಕೆಜೋಳ, ಭತ್ತ ತಂದ ರೈತರ ಪಟ್ಟಿ, ಮುಂಗಡ, ಹಮಾಲಿ, ಬಡ್ಡಿ ಎಲ್ಲ ನನ್ನ ಕೈಯಲ್ಲೇ. ಮೊದಲು ಕಿರ್ದಿ ಪುಸ್ತಕ, ಈಗ ಟ್ಯಾಲಿ. ಯಾರದ್ದಾದರೂ ಲೆಕ್ಕದಲ್ಲಿ ಹತ್ತು ರೂಪಾಯಿ ಹೆಚ್ಚುಕಮ್ಮಿ ಆದರೆ ಅದು ಸಿಗುವವರೆಗೂ ಮನೆಗೆ ಹೋಗಲ್ಲ. ಅಂಥವನು ನನ್ನದೇ ಮನೆ ಸಾಲದ ಲೆಕ್ಕವನ್ನು ಎರಡೂವರೆ ವರ್ಷ ತೆಗೆದೇ ನೋಡಿರಲಿಲ್ಲ.

2020ರ ನವೆಂಬರ್‌ನಲ್ಲಿ ನಿಟುವಳ್ಳಿ ಕಡೆ ಒಂದು ಕಟ್ಟಿದ ಮನೆ ಸಿಕ್ಕಿತು. ಇಪ್ಪತ್ತು-ಮೂವತ್ತರ ಸೈಟು, ಮುಂದೆ ಒಂದು ಬೈಕು ನಿಲ್ಲುವಷ್ಟು ಜಾಗ. ಕೈಯಲ್ಲಿದ್ದದ್ದು, ಹೆಂಡತಿ ನರ್ಸ್ ಕೆಲಸದಲ್ಲಿ ಕೂಡಿಟ್ಟಿದ್ದು, ಒಂದಿಷ್ಟು ಒಡವೆ ಎಲ್ಲ ಸೇರಿಸಿದರೂ ಸಾಲಲಿಲ್ಲ. ಉಳಿದದ್ದಕ್ಕೆ ಬ್ಯಾಂಕ್ ಸಾಲ. 25 ಲಕ್ಷ, 20 ವರ್ಷ, ಬಡ್ಡಿ ಶೇ 7, ತಿಂಗಳ ಕಂತು 19,382.

ನಮ್ಮ ಯಾರ್ಡಿನಲ್ಲಿ ಬಡ್ಡಿಯನ್ನು ವರ್ಷಕ್ಕೆ ಶೇಕಡಾ ಇಷ್ಟು ಅಂತ ಯಾರೂ ಹೇಳಲ್ಲ. ಎರಡು ರೂಪಾಯಿ ಬಡ್ಡಿ ಅಂದರೆ ನೂರು ರೂಪಾಯಿಗೆ ತಿಂಗಳಿಗೆ ಎರಡು ರೂಪಾಯಿ, ಅಂದರೆ ವರ್ಷಕ್ಕೆ 24. ನಾನೂ ಹಾಗೇ ಲೆಕ್ಕ ಹಾಕಿದೆ. ಶೇ 7 ಅಂದರೆ ತಿಂಗಳಿಗೆ ಬರೀ 58 ಪೈಸೆ. ಸಾವ್ಕಾರ್ರಿಗೆ ಹೇಳಿದಾಗ ಅವರು ನಕ್ಕು, "ಧರ್ಮಕ್ಕೆ ಕೊಟ್ಟಂಗೈತಲ್ಲೋ, ಕಣ್ಮುಚ್ಚಿ ತಗೊಂಬಿಡು" ಅಂದರು. ನಾನು ಕಣ್ಣು ಮುಚ್ಚಿದ್ದು ಮಾತ್ರ ನಿಜ.

ಎಡವಿದ್ದು ಎಲ್ಲಿ ಅಂದರೆ, ಯಾರ್ಡಿನ ಸಾಲ ಬಿತ್ತನೆಗೆ ತಗೊಂಡು ಸುಗ್ಗಿಗೆ ತೀರಿಸುವಂಥದ್ದು. ಎರಡು ರೂಪಾಯಿ ಬಡ್ಡಿಯ ಸಾಲ ಎಂಟು ತಿಂಗಳು ಇದ್ದರೆ ನೂರಕ್ಕೆ 16 ರೂಪಾಯಿ ಬಡ್ಡಿ ಆಗುತ್ತೆ, ಅಷ್ಟೇ. ನನ್ನ 58 ಪೈಸೆ ಸಾಲ ಇರೋದು 240 ತಿಂಗಳು. 19,382ನ್ನು 240ರಿಂದ ಗುಣಿಸಿ: 46,51,680. ಅಂದರೆ 25 ಲಕ್ಷಕ್ಕೆ 21.5 ಲಕ್ಷ ಬಡ್ಡಿ, ನೂರಕ್ಕೆ 86 ರೂಪಾಯಿ. ಅದೂ ದರ ಏರದಿದ್ದರೆ! ದರವನ್ನಷ್ಟೇ ನೋಡಿದ್ದೆ, ತಿಂಗಳು ಎಣಿಸಿರಲಿಲ್ಲ. ಈ ಗುಣಾಕಾರ ನಮ್ಮ ಅಂಗಡಿಯ ಹಮಾಲರೂ ಮಾಡುತ್ತಾರೆ, ಅಲ್ವಾ?

ಆ 25 ಲಕ್ಷದಲ್ಲೂ ಒಂದು ವಿಷಯ ಇದೆ. ನಾನು ಕೇಳಿದ್ದು 24.4 ಲಕ್ಷ. ಸಾಲಕ್ಕೆ ವಿಮೆ ಮಾಡಿಸಿ ಸರ್, ನಿಮಗೇನಾದರೂ ಆದರೆ ಮನೆಯವರಿಗೆ ತೊಂದರೆ ಆಗಲ್ಲ ಅಂತ ಬ್ಯಾಂಕಿನವರು ಅಂದರು. ಪ್ರೀಮಿಯಂ 60,000. ಕೈಯಿಂದ ಕೊಡಬೇಕಾಗಿಲ್ಲ, ಸಾಲಕ್ಕೇ ಸೇರಿಸುತ್ತೇವೆ ಅಂದರು. ನಾನು ಎಲ್ಲರ ಹಾಗೆ ಹೂಂ ಅಂದೆ. ಆ ಅರವತ್ತು ಸಾವಿರಕ್ಕೆ ತಿಂಗಳಿಗೆ 465 ರೂಪಾಯಿ ಬೀಳುತ್ತೆ, 20 ವರ್ಷಕ್ಕೆ 1,11,000 ದಾಟುತ್ತೆ. ವಿಮೆ ಬೇಡ ಅಂತ ನಾನು ಹೇಳಲ್ಲ, ದುಡಿಯುವವನಿಗೆ ಬೇಕು. ಆದರೆ ಇದು ಕಡ್ಡಾಯ ಅಲ್ಲ. ಟರ್ಮ್ ವಿಮೆಯನ್ನು ಬೇರೆಯಾಗಿ ಮಾಡಿಸಿ ವರ್ಷವರ್ಷ ಪ್ರೀಮಿಯಂ ಕಟ್ಟಬಹುದಿತ್ತು. ವಿಮೆಯ ದುಡ್ಡಿಗೂ ಬಡ್ಡಿ ಕಟ್ಟೋದು ನನ್ನಂಥ ಲೆಕ್ಕದವನು ಮಾಡುವ ಕೆಲಸ ಅಲ್ಲ.

ನಮ್ಮ ಸಾಲ ಫ್ಲೋಟಿಂಗ್, ಅಂದರೆ ಬಡ್ಡಿ ದರ ಏರಿಳಿಯುವಂಥದ್ದು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಹೊಸದಾಗಿ ಕೊಡುವ ಇಂಥ ಮನೆ ಸಾಲಗಳನ್ನು ಬ್ಯಾಂಕಿನ ಹೊರಗಿನ ಒಂದು ದರಕ್ಕೆ ಜೋಡಿಸಬೇಕು ಅಂತ ರಿಸರ್ವ್ ಬ್ಯಾಂಕ್ ಹೇಳಿದೆ. ನನ್ನದನ್ನು ರೆಪೊ ದರಕ್ಕೆ, ಅಂದರೆ ರಿಸರ್ವ್ ಬ್ಯಾಂಕ್ ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ದರಕ್ಕೆ, ಜೋಡಿಸಿದ್ದಾರೆ. ರೆಪೊ 4, ಅದರ ಮೇಲೆ ಬ್ಯಾಂಕಿನದು 3, ಒಟ್ಟು 7. ಮೂರು ತಿಂಗಳಿಗೊಮ್ಮೆ ದರ ಹೊಂದಿಸುತ್ತಾರೆ. ಸಹಿ ಮಾಡುವಾಗ ಇದನ್ನೆಲ್ಲ ಹೇಳಿರಬೇಕು, ನನಗಂತೂ ನೆನಪಿಲ್ಲ.

2022ರ ಮೇ ತಿಂಗಳಲ್ಲಿ ರೆಪೊ ಏರಲು ಶುರುವಾಯಿತು. 2023ರ ಫೆಬ್ರುವರಿ ಹೊತ್ತಿಗೆ 6.5. ನನ್ನ ದರ 7ರಿಂದ 9.5ಕ್ಕೆ ಹೋಯಿತು. ಮೊಬೈಲಿಗೆ ಇಂಗ್ಲಿಷಿನಲ್ಲಿ ಮೆಸೇಜು ಬರುತ್ತಿತ್ತು, ಸಾಲ ಬೇಕಾ ಅಂತ ಕೇಳೋ ಮೆಸೇಜುಗಳ ಮಧ್ಯೆ ಅದೂ ಒಂದು. ಪ್ರತಿ ತಿಂಗಳು 5ನೇ ತಾರೀಕು ಖಾತೆಯಿಂದ ಹೋಗುತ್ತಿದ್ದದ್ದು ಮಾತ್ರ ಅದೇ 19,382. ಕಂತು ಬದಲಾಗಿಲ್ಲವಲ್ಲ, ಇನ್ನೇನು ಚಿಂತೆ ಅಂದುಕೊಂಡೆ. ಯಾರ್ಡಿನಲ್ಲಿ ಟೀ ಕುಡಿಯುವಾಗ ಬಡ್ಡಿ ಏರಿತಂತೆ ಅಂತ ಮಾತು ಬಂದರೆ, "ನಂದೇನೂ ಏರಿಲ್ಲಪ್ಪ" ಅಂತ ಹೇಳಿದವನು ನಾನು.

2023ರ ಮೇ ತಿಂಗಳಲ್ಲಿ ಬೇರೆ ಯಾವುದೋ ಕೆಲಸಕ್ಕೆ ಸಾಲದ ಸ್ಟೇಟ್‌ಮೆಂಟ್ ಬೇಕಾಯಿತು. ಬ್ಯಾಂಕಿನಿಂದ ತಂದು ಅಂಗಡಿಯಲ್ಲಿ ಕೂತು ಸುಮ್ನೆ ಕಣ್ಣಾಡಿಸಿದೆ. ಏಪ್ರಿಲ್ ಸಾಲು: ಕಂತು 19,382, ಬಡ್ಡಿ 18,883, ಅಸಲು 499.

ಮೊದಲು ಪ್ರಿಂಟು ತಪ್ಪಾಗಿದೆ ಅಂದುಕೊಂಡೆ. ಹಿಂದಿನ ಸಾಲು ನೋಡಿದೆ, ಅದರ ಹಿಂದಿನದು ನೋಡಿದೆ. ಮೊದಲ ತಿಂಗಳು ಅಸಲಿಗೆ 4,799 ಹೋಗಿತ್ತು. ಅದು ಮೂರು ಸಾವಿರದ ಚಿಲ್ಲರೆಗೆ ಇಳಿದು, ಆಮೇಲೆ ಒಂದೂವರೆ ಸಾವಿರದ ಹತ್ತಿರ ಬಂದು, ಸಾವಿರದ ಒಳಗೆ ಬಂದು, ಈಗ 499. ನಾಲ್ಕು ಜನ ಬೆಣ್ಣೆ ದೋಸೆ ತಿಂದು ಕಾಫಿ ಕುಡಿದು ಬಂದರೆ ಮುಗಿಯುವ ದುಡ್ಡು. ಮಾರ್ಚ್‌ವರೆಗಿನ 28 ಕಂತು ಕೂಡಿಸಿದೆ. ಕಟ್ಟಿದ್ದು 5.43 ಲಕ್ಷ, ಸಾಲ ಇಳಿದಿದ್ದು 1.15 ಲಕ್ಷ.

ಕಂಪ್ಯೂಟರ್ ಮುಂದೆಯೇ ಇತ್ತು. ಎಕ್ಸೆಲ್‌ನಲ್ಲಿ ಎನ್‌ಪಿಇಆರ್ ಅಂತ ಒಂದು ಸೂತ್ರ ಇದೆ. ತಿಂಗಳ ಬಡ್ಡಿ ದರ, ಮೈನಸ್ ಗುರುತು ಹಾಕಿದ ಕಂತು, ಬಾಕಿ ಅಸಲು, ಈ ಮೂರನ್ನು ಕೊಟ್ಟರೆ ಇನ್ನೆಷ್ಟು ಕಂತು ಅಂತ ಹೇಳುತ್ತೆ. ಏಪ್ರಿಲ್ ಒಂದಕ್ಕೆ ಬಾಕಿ ಇದ್ದ 23,85,253 ಹಾಕಿದೆ, 9.5ನ್ನು 12ರಿಂದ ಭಾಗಿಸಿ ಹಾಕಿದೆ. 464 ಅಂತ ಬಂತು. 464 ತಿಂಗಳು, 38 ವರ್ಷ 8 ತಿಂಗಳು. ಅಂದರೆ 2061. ಆಗ ನನಗೆ 80 ವರ್ಷ, ಈಗ ಆರನೇ ಕ್ಲಾಸಿನ ಪುಸ್ತಕಕ್ಕೆ ಬೈಂಡು ಹಾಕಿಸಿಕೊಂಡು ಬಂದ ಮಗಳಿಗೆ ಐವತ್ತು. ಕಟ್ಟಬೇಕಾದದ್ದು ಇನ್ನೂ ಸುಮಾರು 90 ಲಕ್ಷ.

ಹಾಗೇ 80 ವರ್ಷದವರೆಗೂ ಬ್ಯಾಂಕು ಬಿಡಲ್ಲ, ವಯಸ್ಸಿನ ಮಿತಿ ಅಂತ ಇರುತ್ತೆ, ಒಂದು ದಿನ ತಾನೇ ಕಂತು ಏರಿಸುತ್ತೆ. ಆದರೆ ಆ ದಿನ ಬರುವವರೆಗೆ ಬಡ್ಡಿ ತಿಂದುಕೊಂಡು ಹೋಗಿರುತ್ತಲ್ಲ, ಅದನ್ನು ಯಾರು ವಾಪಸ್ ಕೊಡುತ್ತಾರೆ.

ಮರುದಿನ ಬ್ಯಾಂಕಿಗೆ ಹೋದೆ. ಸಾಲದ ವಿಭಾಗದ ಹುಡುಗ ಒಳ್ಳೆಯವನೇ, ಕೂರಿಸಿ ಮಾತಾಡಿದ. "ನಾವು ಕಂತು ಜಾಸ್ತಿ ಮಾಡಿಲ್ವಲ್ಲ ಸರ್, ನಿಮಗೆ ತೊಂದರೆ ಆಗಬಾರದು ಅಂತ ಅವಧಿ ಮಾತ್ರ ಹೆಚ್ಚಾಗಿದೆ" ಅಂದ. ಉಪಕಾರ ಮಾಡಿದ ದನಿಯಲ್ಲೇ ಹೇಳಿದ, ಅವನಿಗೂ ಹಾಗೇ ಹೇಳಿಕೊಟ್ಟಿರಬೇಕು. ಹಳೆಯ ಲೆಕ್ಕದಂತೆ 2040ಕ್ಕೇ ಮುಗಿಯಬೇಕಾದರೆ ಕಂತು ಎಷ್ಟಾಗುತ್ತೆ ಅಂತ ಕೇಳಿದೆ. 23,300ರ ಆಸುಪಾಸು. ಅಂದರೆ ಬರೀ ನಾಲ್ಕು ಸಾವಿರ ಜಾಸ್ತಿ. ಆ ನಾಲ್ಕು ಸಾವಿರ ಉಳಿಸಿ ಕೊಡುತ್ತೇವೆ ಅಂತ ಇಪ್ಪತ್ತೊಂದು ವರ್ಷ ಸೇರಿಸಿದ್ದರು.

ಇನ್ನೊಂದು ಪ್ರಶ್ನೆಯನ್ನು ಬರೆದುಕೊಂಡೇ ಹೋಗಿದ್ದೆ. ಇವತ್ತು ಹೊಸದಾಗಿ ಬರುವವರಿಗೆ ಎಷ್ಟಕ್ಕೆ ಕೊಡುತ್ತಿದ್ದೀರಿ? ಸ್ವಲ್ಪ ತಡೆದು, 8.75 ಅಂದ. ಅದೇ ರೆಪೊ, ಅದೇ ಬ್ಯಾಂಕು. ಹೊಸಬರಿಗೆ ರೆಪೊ ಮೇಲೆ 2.25, ಹಳಬನಾದ ನನಗೆ 3. ಅರ್ಜಿ ಕೊಟ್ಟು ಫೀಸು ಕಟ್ಟಿದರೆ ನಮಗೂ ಇಳಿಸುತ್ತಾರೆ, ಕೇಳದಿದ್ದರೆ ಯಾರೂ ಕರೆದು ಹೇಳಲ್ಲ. ಜಿಎಸ್‌ಟಿ ಸೇರಿ 5,900 ಕಟ್ಟಿದೆ. ಮುಕ್ಕಾಲು ಪರ್ಸೆಂಟಿಗೆ ತಿಂಗಳಿಗೆ 1,490 ಉಳಿಯಿತು, ನಾಲ್ಕು ತಿಂಗಳಲ್ಲಿ ಫೀಸು ವಾಪಸ್ ಬಂತು. ಈ ಒಂದು ಪತ್ರ ಬರೆಯಲು ನನಗೆ ಬೇಕಾಗಿದ್ದು ಅರ್ಧ ಗಂಟೆ. ನಮ್ಮ ಬ್ಯಾಂಕು ಒಪ್ಪದಿದ್ದರೆ ಸಾಲವನ್ನೇ ಬೇರೆ ಬ್ಯಾಂಕಿಗೆ ವರ್ಗ ಮಾಡಿಸುವುದೂ ಇದೆ, ಅದರಲ್ಲಿ ಲೀಗಲ್, ವ್ಯಾಲ್ಯುಯೇಶನ್, ಪತ್ರ ನೋಂದಣಿ ಅಂತ ಖರ್ಚು ಮತ್ತೆ ಮೊದಲಿಂದ. ನನಗೆ ಅದು ಬೇಕಾಗಲಿಲ್ಲ.

ಕಂತನ್ನು 25,000ಕ್ಕೆ ಏರಿಸಿ ಅಂತ ಬರೆದುಕೊಟ್ಟೆ. ಮನೆಯಲ್ಲಿ ಇದಕ್ಕೆ ಎರಡು ದಿನ ಚರ್ಚೆ ಆಗಿತ್ತು. ತಿಂಗಳಿಗೆ ಐದು ಸಾವಿರದ ಒಂದು ಚೀಟಿ ಅದೇ ಜೂನ್‌ಗೆ ಮುಗಿಯುತ್ತಿತ್ತು, ಇನ್ನೊಂದು ಹಾಕೋಣ ಅಂತ ಹೆಂಡತಿ ಅಂದುಕೊಂಡಿದ್ದಳು. ನಾನು 499ರ ಸಾಲು ತೋರಿಸಿದೆ. ಅವಳು ಏನೂ ಹೇಳಲಿಲ್ಲ, ಪೆನ್ನು ತಗೊಂಡು ಅದರ ಸುತ್ತ ಒಂದು ಗೆರೆ ಎಳೆದಳು. ಆ ಹಾಳೆ ಈಗಲೂ ಬೀರುವಿನಲ್ಲಿದೆ. ಜುಲೈ ಕಂತಿನಲ್ಲಿ ಅಸಲಿಗೆ 7,619 ಹೋಯಿತು. ಎನ್‌ಪಿಇಆರ್ ಮತ್ತೆ ಹಾಕಿದರೆ 164. ಹದಿಮೂರು ವರ್ಷ ಎಂಟು ತಿಂಗಳು.

ಇದೆಲ್ಲ ಮುಗಿಸಿಕೊಂಡ ಮೇಲೆ, 2023ರ ಆಗಸ್ಟ್‌ನಲ್ಲಿ, ರಿಸರ್ವ್ ಬ್ಯಾಂಕ್ ಸುತ್ತೋಲೆ ಬಂತು. ದರ ಏರಿದಾಗ ಕಂತು ಏರಿಸಬೇಕೋ, ಅವಧಿ ಏರಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಅಂತ ಸಾಲಗಾರನನ್ನು ಕೇಳಬೇಕು. ಮೂರು ತಿಂಗಳಿಗೊಮ್ಮೆ ಕೊಡುವ ಸ್ಟೇಟ್‌ಮೆಂಟಿನಲ್ಲಿ ಎಷ್ಟು ಅಸಲು ಹೋಯಿತು, ಎಷ್ಟು ಬಡ್ಡಿ, ಎಷ್ಟು ಕಂತು ಬಾಕಿ ಅಂತ ಇರಬೇಕು. ನಿಮಗೆ ಅದು ಬರುತ್ತಿದ್ದರೆ ತೆಗೆದು ನೋಡಿ. ಬಾಕಿ ಕಂತು ಅನ್ನೋ ಒಂದು ಸಂಖ್ಯೆ ಸಾಕು.

ಚೀಟಿಯಿಂದ ಬಂದ ಒಂದು ಲಕ್ಷವನ್ನು 2024ರ ಜನವರಿಯಲ್ಲಿ ಸಾಲಕ್ಕೆ ಕಟ್ಟಿದೆ. ಫ್ಲೋಟಿಂಗ್ ದರದ ಮನೆ ಸಾಲವನ್ನು ಮುಂಚೆ ತೀರಿಸಿದರೆ ದಂಡ ಹಾಕುವಂತಿಲ್ಲ, ಬ್ಯಾಂಕುಗಳಿಗೆ ಈ ನಿಯಮ 2012ರಿಂದಲೂ ಇದೆ. ಅರ್ಜಿಯಲ್ಲಿ ಕಂತು ಇಳಿಸಬೇಡಿ, ಅವಧಿ ಇಳಿಸಿ ಅಂತ ದಪ್ಪಗೆ ಬರೆದೆ. ಒಂದು ಲಕ್ಷಕ್ಕೆ ಹನ್ನೆರಡು ಕಂತು ಕಡಿಮೆಯಾಯಿತು, ಅಂದರೆ ಮೂರು ಲಕ್ಷ. ಎಲ್ಲರಿಗೂ ಹೇಳಿಕೊಂಡು ತಿರುಗಿದೆ, ಒಂದಕ್ಕೆ ಮೂರು ಅಂತ. ಆಮೇಲೆ ಯೋಚಿಸಿದಾಗ ಅದು ಅರ್ಧ ಬಡಾಯಿ ಅನ್ನಿಸಿತು. ಹೋಗಿದ್ದು 2036ರ ಕಂತುಗಳು. ಆವತ್ತಿನ 25 ಸಾವಿರಕ್ಕೆ ಇವತ್ತಿನ ಬೆಲೆ ಇರಲ್ಲ. ಸರಿಯಾದ ಲೆಕ್ಕ ಅಂದರೆ ನನ್ನ ಒಂದು ಲಕ್ಷಕ್ಕೆ 8.75 ಬಡ್ಡಿ ಸಿಕ್ಕ ಹಾಗೆ. ಎಫ್‌ಡಿಯಲ್ಲಿ ಅಷ್ಟು ಬರುತ್ತಿರಲಿಲ್ಲ, ಆದ್ದರಿಂದ ಲಾಭವೇ, ಆದರೆ ಮೂರು ಪಟ್ಟೇನೂ ಅಲ್ಲ.

ಆ ಬಡಾಯಿಗೆ ಮಾರ್ಚ್‌ನಲ್ಲೇ ಪೆಟ್ಟು ಬಿತ್ತು. ಅವ್ವ ಬಚ್ಚಲಲ್ಲಿ ಜಾರಿ ಬಿದ್ದು ಸೊಂಟದ ಮೂಳೆ ಮುರಿದುಕೊಂಡಳು. ಆಪರೇಶನ್‌ಗೆ ದುಡ್ಡು ಬೇಕು, ನನ್ನ ದುಡ್ಡೆಲ್ಲ ಸಾಲದ ಖಾತೆಯೊಳಗೆ. ಹಾಕಿದ್ದನ್ನು ಅಲ್ಲಿಂದ ತೆಗೆಯೋಕೆ ಬರಲ್ಲ. ಹೆಂಡತಿ ಬಳೆ ಬಿಚ್ಚಿಕೊಟ್ಟಳು, ಒಂದು ರೂಪಾಯಿ ಬಡ್ಡಿಗೆ ಅಡ ಇಟ್ಟೆ. ಶೇ 8.75ರ, ಅಂದರೆ ತಿಂಗಳಿಗೆ 73 ಪೈಸೆಯ ಸಾಲ ತೀರಿಸಲು ಹೋಗಿ ನೂರು ಪೈಸೆ ಸಾಲ ಮಾಡಿದ ಹಾಗಾಯಿತು. ಬಳೆ ಬಿಡಿಸಿಕೊಳ್ಳಲು ಹನ್ನೊಂದು ತಿಂಗಳು ಬೇಕಾಯಿತು. ಈಗ ಆರು ಕಂತಿನಷ್ಟು ದುಡ್ಡು ಬೇರೆ ಖಾತೆಯಲ್ಲಿ ಸೇರುವವರೆಗೆ ಸಾಲಕ್ಕೆ ಹೆಚ್ಚುವರಿ ಒಂದು ರೂಪಾಯಿಯೂ ಹಾಕಲ್ಲ ಅಂತ ನಮ್ಮಿಬ್ಬರ ಒಪ್ಪಂದ.

ಟ್ಯಾಕ್ಸ್ ಉಳಿಯುತ್ತಲ್ಲ, ಸಾಲ ಇದ್ದರೆ ಇರಲಿ ಬಿಡು ಅನ್ನುವವರು ಯಾರ್ಡಿನಲ್ಲೂ ಇದ್ದಾರೆ. ಆದಾಯ ತೆರಿಗೆಯ ಹಳೆ ಪದ್ಧತಿಯಲ್ಲಿ ಬಡ್ಡಿಯ ಮೇಲೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇದೆ, ಸರಿ. ಹೊಸ ಪದ್ಧತಿಯಲ್ಲಿ ನಾವೇ ವಾಸ ಇರುವ ಮನೆಗೆ ಅದು ಇಲ್ಲ. 2025-26ರಿಂದ ಹೊಸ ಪದ್ಧತಿಯಲ್ಲಿ 12.75 ಲಕ್ಷದವರೆಗೆ ಸಂಬಳದವರಿಗೆ ತೆರಿಗೆಯೇ ಬೀಳಲ್ಲ. ನನ್ನಂಥವನಿಗೆ ಉಳಿಸೋಕೆ ಟ್ಯಾಕ್ಸೇ ಇಲ್ಲ.

ಮನೆ ತಗೊಂಡಿದ್ದೇ ತಪ್ಪಾ ಅಂತ ತಮ್ಮ ಕೇಳಿದ. ವಿನೋಬನಗರದ ಬಾಡಿಗೆ ಮನೆಗೆ 8,500 ಕೊಡುತ್ತಿದ್ದೆವು, ಬರೀ ಲೆಕ್ಕ ಹಾಕಿದರೆ ಅದೇ ಅಗ್ಗ. ಆದರೆ ಆ ಮನೆಯ ಮಾಲೀಕರು ನೀರಿನ ಮೋಟರ್ ಹಾಕುವುದಕ್ಕೂ ಹೊತ್ತು ನೋಡುತ್ತಿದ್ದರು. ಅದಕ್ಕೆ ಎಷ್ಟು ಬಡ್ಡಿ ಹಾಕಬೇಕೋ ನನಗೆ ಗೊತ್ತಿಲ್ಲ.

2025ರ ಫೆಬ್ರುವರಿ, ಏಪ್ರಿಲ್, ಜೂನ್‌ನಲ್ಲಿ ರೆಪೊ ಒಟ್ಟು ಒಂದು ಪರ್ಸೆಂಟ್ ಇಳಿಯಿತು, ನನ್ನ ದರ 7.75ಕ್ಕೆ ಬಂತು. ಕಂತು ಇಳಿಸುವುದಾ ಅಂತ ಬ್ಯಾಂಕಿನವರು ಈ ಸಲ ಕೇಳಿದರು. ಬೇಡ, 25,000 ಹಾಗೇ ಇರಲಿ ಅಂದೆ. ಅಂಗಡಿಯಲ್ಲಿ ಹಳೆಯ ಕಿರ್ದಿ ಪುಸ್ತಕ ಒಂದು ಖಾಲಿ ಉಳಿದಿತ್ತು, ಅದನ್ನು ಮನೆಗೆ ತಂದು ಪ್ರತಿ ತಿಂಗಳು 5ನೇ ತಾರೀಕು ಒಂದು ಸಾಲು ಬರೆಯುತ್ತೇನೆ. ಎಡಕ್ಕೆ ಬಡ್ಡಿ, ಬಲಕ್ಕೆ ಅಸಲು. ಡಿಸೆಂಬರ್‌ನ ಸಾಲು ಮಗಳು ಬರೆದಳು: ಬಡ್ಡಿ 12,984, ಅಸಲು 12,016, ಬಾಕಿ 19,98,484. ಬಾಕಿ ಇಪ್ಪತ್ತು ಲಕ್ಷದ ಒಳಗೆ ಬಂದಿದ್ದು ಇದೇ ಮೊದಲು. "ಅಪ್ಪಾ, ಎಡಗಡೇದು ಬಲಗಡೇದಕ್ಕಿಂತ ಚಿಕ್ಕದಾಗೋದು ಯಾವಾಗ?" ಅಂತ ಕೇಳಿದಳು. ಇದೇ ದರ ಇದ್ದರೆ ಜುಲೈಗೆ ಅಂದೆ. ಜುಲೈ ಪುಟದ ಮೂಲೆಯನ್ನು ಅವಳೇ ಮಡಚಿಟ್ಟಿದ್ದಾಳೆ.