ಕಲ್ಪನಾ ಸಿನಿಮಾಗಳನ್ನು ಯಾವುದರಿಂದ ಶುರು ಮಾಡಬೇಕು?

ಮನೆಯಲ್ಲಿ ಕಾಲೇಜಿಗೆ ಹೋಗುವ ಮಕ್ಕಳಿದ್ದರೆ ಈ ಮಳೆಗಾಲದಲ್ಲಿ ಅವರ ಜೊತೆ ಕೂತು ಮಿನುಗುತಾರೆ ಕಲ್ಪನಾ ಸಿನಿಮಾ ನೋಡಿ. ಆದರೆ ಅವರ ಸಾವಿನ ಕಥೆಯಿಂದ ಮಾತ್ರ ಶುರು ಮಾಡಬೇಡಿ. 1963ರಲ್ಲಿ ‘ಸಾಕು ಮಗಳು’ ಚಿತ್ರದಿಂದ ಬಂದರು, 1979ರ ಮೇ ತಿಂಗಳಲ್ಲಿ ತೀರಿಕೊಂಡರು, ಆಗ ಅವರಿಗೆ ನಲವತ್ತೂ ತುಂಬಿರಲಿಲ್ಲ. ಆ ಕೊನೆಯ ದಿನಗಳ ಬಗ್ಗೆ ಜನ ಬಾಯಿಗೆ ಬಂದ ಹಾಗೆ ಮಾತಾಡಿದ್ದಾರೆ, ಅದನ್ನೆಲ್ಲ ಮೊದಲೇ ಕಿವಿಗೆ ಹಾಕಿಕೊಂಡವರು ಪ್ರತಿ ದೃಶ್ಯದಲ್ಲೂ ಅಯ್ಯೋ ಪಾಪ ಅಂತಲೇ ನೋಡುತ್ತಾರೆ, ನಟನೆ ಕಣ್ಣಿಗೆ ಬೀಳುವುದೇ ಇಲ್ಲ.

ಮೊದಲು ‘ಬೆಳ್ಳಿ ಮೋಡ’. 1967ರದ್ದು, ಪುಟ್ಟಣ್ಣ ಕಣಗಾಲ್ ನಿರ್ದೇಶನ. ಚಿಕ್ಕಮಗಳೂರಿನವರಿಗೆ ಇದು ಬೇಗ ಹತ್ತಿರವಾಗುತ್ತದೆ, ಎಸ್ಟೇಟ್ ಮನೆ, ಗುಡ್ಡ, ಮಂಜು ಎಲ್ಲ ನಮ್ಮದೇ ಅಲ್ವಾ? ಕಪ್ಪುಬಿಳುಪು ಅಂತ ಮಕ್ಕಳು ಮುಖ ಸಿಂಡರಿಸಿದರೆ ಬೇಂದ್ರೆಯವರ ‘ಮೂಡಲ ಮನೆಯ’ ಹಾಡನ್ನು ಎಸ್. ಜಾನಕಿ ದನಿಯಲ್ಲಿ ಮೊದಲು ಕೇಳಿಸಿ. ಶೀಟಿನ ಮನೆಯಾದರೆ ಮಳೆ ಸದ್ದಿಗೆ ಮಾತು ಕೇಳಿಸುವುದಿಲ್ಲ, ಒಂದು ಸ್ಪೀಕರ್ ಇಟ್ಟುಕೊಳ್ಳಿ. ಕರೆಂಟು ಹೋಗುವ ಮುಂಚೆ ಅದನ್ನೂ ಫೋನನ್ನೂ ಚಾರ್ಜ್ ಮಾಡಿಡಿ.

ಕಥೆ ಗೊತ್ತಿರಬಹುದು. ಇಂದಿರಾ ಒಬ್ಬಳೇ ಮಗಳು, ಅವಳ ಅಪ್ಪನ ದುಡ್ಡಲ್ಲಿ ಓದಲು ವಿದೇಶಕ್ಕೆ ಹೋದ ಮೋಹನ, ಅವಳಿಗೊಬ್ಬ ತಮ್ಮ ಹುಟ್ಟಿ ಆಸ್ತಿಗೆ ವಾರಸುದಾರ ಬಂದ ಕೂಡಲೇ ಮದುವೆ ಬೇಡ ಅನ್ನುತ್ತಾನೆ. ಮುಂದೆ ಅವನು ಪೆಟ್ಟು ತಿಂದು ಮಲಗಿದಾಗ ಅವಳೇ ಆರೈಕೆ ಮಾಡುತ್ತಾಳೆ. ಬುದ್ಧಿ ಬಂದು ಅವನು ಮತ್ತೆ ಕೇಳಿದಾಗ ಒಪ್ಪುವುದಿಲ್ಲ. ಆ ಕೊನೆಯ ಭಾಗದಲ್ಲಿ ಯಾರೂ ಫೋನ್ ಹಿಡಿಯಬಾರದು ಅಂತ ಮೊದಲೇ ಹೇಳಿಬಿಡಿ. ಆರೈಕೆ ಮಾಡಿದ ಕೈ, ಬೇಡ ಅನ್ನುವ ಬಾಯಿ, ಎರಡೂ ಒಂದೇ ಹೆಣ್ಣಿನದು ಅಂತ ಕಲ್ಪನಾ ನಮ್ಮನ್ನು ನಂಬಿಸುತ್ತಾರೆ. ಕನ್ನಡದ ಎಷ್ಟೋ ನಾಯಕಿಯರು ಆಮೇಲೂ ಕ್ಷಮಿಸುತ್ತಲೇ ಹೋದರು.

ಎರಡನೆಯದು ‘ಗೆಜ್ಜೆ ಪೂಜೆ’. ಅದಾದ ಮೇಲೆ ‘ಎರಡು ಕನಸು’ (1974) ನೋಡಿ, ರಾಜ್‌ಕುಮಾರ್ ಜೊತೆಗಿನದು. ‘ಪೂಜಿಸಲೆಂದೇ ಹೂಗಳ ತಂದೆ’ ಹಾಡು ಬಂದಾಗ ಅಜ್ಜಿಯೋ ದೊಡ್ಡಮ್ಮನೋ ತಾವಾಗೇ ಬಂದು ಕೂರುತ್ತಾರೆ, ನೋಡ್ತಾ ಇರಿ. ಕಲ್ಪನಾ ಸೀರೆ ಉಡುತ್ತಿದ್ದ ರೀತಿ, ಕೈತುಂಬ ಬಳೆ, ಅದನ್ನು ನೋಡಿ ಆಗಿನ ಹುಡುಗಿಯರು ಏನೇನು ಕೊಂಡರು, ಎಲ್ಲ ಅವರನ್ನೇ ಕೇಳಿ.

‘ಶರಪಂಜರ’ (1971) ಕೊನೆಗಿರಲಿ. ಅದು ಭಾರದ ಚಿತ್ರ. ಕಾವೇರಿಗೆ ಬಾಣಂತಿಯಾದಾಗ ಮನಸ್ಸಿನ ಕಾಯಿಲೆ ಬರುತ್ತದೆ. ವಾಸಿಯಾಗಿ ಮನೆಗೆ ಬಂದರೂ ಸುತ್ತಲಿನವರ ಕಣ್ಣಿಗೆ ಅವಳು ಹುಚ್ಚಿಯೇ, ಗಂಡನ ನಡತೆ ಗೊತ್ತಾದ ಮೇಲಂತೂ ತಡೆಯಲಾಗದೆ ಮತ್ತೆ ಕುಸಿಯುತ್ತಾಳೆ. ಮನೆಯಲ್ಲಿ ಯಾರಾದರೂ ಈಚೆಗೆ ಬಾಣಂತನ ಮುಗಿಸಿದ್ದರೆ ಅವರನ್ನು ಕೇಳಿಯೇ ಹಾಕಿ, ಬೇಡ ಅಂದರೆ ಬೇಡ.

‘ಬೆಳ್ಳಿ ಮೋಡ’, ‘ಶರಪಂಜರ’ ಎರಡೂ ತ್ರಿವೇಣಿಯವರ ಕಾದಂಬರಿಗಳು. ಕಲ್ಪನಾ ಚಿತ್ರರಂಗಕ್ಕೆ ಬಂದ 1963ರಲ್ಲೇ ತ್ರಿವೇಣಿ ತೀರಿಕೊಂಡರು. ತಮ್ಮ ಇಂದಿರಾ, ಕಾವೇರಿಯರನ್ನು ಅವರು ತೆರೆಯ ಮೇಲೆ ನೋಡಲೇ ಇಲ್ಲ. ಸಿನಿಮಾ ಮುಗಿದ ವಾರದಲ್ಲೇ ಪುಸ್ತಕಗಳನ್ನು ಲೈಬ್ರರಿಯಿಂದ ತಂದು ಮಕ್ಕಳಿಗೆ ಕೊಡಿ. ಮೊದಲು ‘ಶರಪಂಜರ’ ಕೊಡಿ, ಕಾವೇರಿ ಇನ್ನೂ ಮನಸ್ಸಲ್ಲಿ ಇರುವಾಗಲೇ.