ಆಯ್ಕೆ ಪಟ್ಟಿಯಲ್ಲಿ ಹೆಸರಿದೆ, ಆದೇಶ ಬಂದಿಲ್ಲ: ಈಗೇನು ಮಾಡಬೇಕು?

ಸರ್ಕಾರಿ ಕೆಲಸದ ಆಯ್ಕೆ ಪಟ್ಟಿಯ ಪಿಡಿಎಫ್‌ನಲ್ಲಿ ರಿಜಿಸ್ಟರ್ ನಂಬರ್ ಹುಡುಕಿದ್ದೀರಿ, ಸಿಕ್ಕಿದೆ, ಮನೆಯಲ್ಲಿ ಸಿಹಿಯೂ ಹಂಚಿ ಆಗಿದೆ. ಆಮೇಲೆ ತಿಂಗಳುಗಟ್ಟಲೆ ಇಲಾಖೆಯಿಂದ ಸದ್ದೇ ಇಲ್ಲ. ಫೋನ್ ಮಾಡಿದರೆ "ಫೈಲ್ ಮೇಲೆ ಹೋಗಿದೆ" ಅಂತಾರೆ.

ಮೊದಲು ಕಹಿ ಮಾತು. ಪಟ್ಟಿಯಲ್ಲಿ ಹೆಸರು ಬಂತು ಅಂದ ಮಾತ್ರಕ್ಕೆ ಕೆಲಸ ನಿಮ್ಮ ಹಕ್ಕಾಗುವುದಿಲ್ಲ. 1991ರಲ್ಲೇ ಶಂಕರ್ಸನ್ ದಾಶ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್‌ನ ಸಂವಿಧಾನ ಪೀಠ ಹೀಗೆ ಹೇಳಿದೆ. ಇಲಾಖೆಯವರು ಇಷ್ಟನ್ನೇ ಹೇಳಿ ವಾಪಸ್ ಕಳಿಸುತ್ತಾರೆ. ಆದರೆ ಅದೇ ತೀರ್ಪಿನಲ್ಲಿ ಇನ್ನೊಂದು ಮಾತೂ ಇದೆ: ಸರ್ಕಾರ ಮನಸ್ಸಿಗೆ ಬಂದಂತೆ ನಡೆಯುವಂತಿಲ್ಲ, ಹುದ್ದೆ ತುಂಬಿದರೆ ಮೆರಿಟ್ ಮೀರುವಂತಿಲ್ಲ. 2024ರ ನವೆಂಬರ್‌ನಲ್ಲಿ ತೇಜ್ ಪ್ರಕಾಶ್ ಪಾಠಕ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಇದನ್ನೇ ಮತ್ತೆ ಹೇಳಿತು. ನೇಮಕಾತಿ ಶುರುವಾದ ಮೇಲೆ, ನಿಯಮದಲ್ಲೇ ಅವಕಾಶ ಇಲ್ಲದಿದ್ದರೆ, ಅರ್ಹತೆಯ ಷರತ್ತುಗಳನ್ನು ನಡುವೆ ಬದಲಿಸುವಂತಿಲ್ಲ ಎಂದೂ ಹೇಳಿತು. ಅಂದರೆ ಕೆಲಸ ಕೇಳುವ ಮೊದಲು ನೀವು ಕೇಳಬೇಕಾದದ್ದು ಕಾರಣವನ್ನು.

ಅದಕ್ಕೆ ದಾರಿ ಆರ್‌ಟಿಐ, ಅಂದರೆ ಮಾಹಿತಿ ಹಕ್ಕು ಅರ್ಜಿ. ಕರ್ನಾಟಕದಲ್ಲಿ 10 ರೂಪಾಯಿ ಶುಲ್ಕ, ಒಂದು ಅರ್ಜಿಗೆ ಒಂದೇ ವಿಷಯ, ಸಾಮಾನ್ಯವಾಗಿ 150 ಪದದೊಳಗೆ. "ನನಗೆ ಯಾಕೆ ಕೆಲಸ ಕೊಟ್ಟಿಲ್ಲ" ಅಂತ ಬರೆದರೆ ಪ್ರಯೋಜನವಿಲ್ಲ, ದಾಖಲೆ ಕೇಳಿ. ಉದಾಹರಣೆಗೆ: "ದಿನಾಂಕ ಇಂಥದ್ದರ ಅಧಿಸೂಚನೆಯ ಹುದ್ದೆಗಳಲ್ಲಿ ಈವರೆಗೆ ಎಷ್ಟು ಜನರಿಗೆ ನೇಮಕಾತಿ ಆದೇಶ ಕೊಟ್ಟಿದ್ದೀರಿ, ಎಷ್ಟು ಜನ ವರದಿ ಮಾಡಿಕೊಂಡಿಲ್ಲ, ಪ್ರವರ್ಗವಾರು ಎಷ್ಟು ಖಾಲಿ ಉಳಿದಿವೆ, ಸಂಬಂಧಪಟ್ಟ ಕಡತದ ಟಿಪ್ಪಣಿ ಹಾಳೆಗಳ ಪ್ರತಿ ಕೊಡಿ." 30 ದಿನದಲ್ಲಿ ಉತ್ತರ ಬರಬೇಕು. ಬರದಿದ್ದರೆ ಮುಂದಿನ 30 ದಿನದಲ್ಲಿ ಮೊದಲ ಮೇಲ್ಮನವಿ.

ಹೆಚ್ಚುವರಿ ಪಟ್ಟಿಯಲ್ಲಿ ಇರುವವರಿಗಂತೂ ಈ ಉತ್ತರವೇ ಎಲ್ಲ. ಆಯ್ಕೆಯಾದವರು ಬರದಿದ್ದರೆ ಆ ಜಾಗಕ್ಕೆ ಇರುವ ಪಟ್ಟಿ ಅದು. ಅಧಿಸೂಚನೆ ಆದಮೇಲೆ ಹೊಸದಾಗಿ ಖಾಲಿಯಾದ ಹುದ್ದೆಗೆ ಅದನ್ನು ತೋರಿಸಿ ಹಕ್ಕು ಕೇಳಿದರೆ ಕೋರ್ಟ್‌ನಲ್ಲಿ ನಿಲ್ಲುವುದು ಕಷ್ಟ. ಪಟ್ಟಿಯ ಅವಧಿ ಎಂದು ಮುಗಿಯುತ್ತದೆ ಅನ್ನುವುದನ್ನು ನಿಮ್ಮ ನೇಮಕಾತಿ ನಿಯಮದಲ್ಲಿ ಇವತ್ತೇ ನೋಡಿ.

ಜೊತೆಗೆ ನೇಮಕಾತಿ ಪ್ರಾಧಿಕಾರಕ್ಕೆ ಲಿಖಿತ ಮನವಿ ಕೊಡಿ, ಟಪಾಲು ವಿಭಾಗದ ಮುದ್ರೆ, ದಿನಾಂಕ ಇರುವ ಪ್ರತಿ ಇಟ್ಟುಕೊಳ್ಳಿ. ಒಂದು ಮನವಿ ಸಾಕು. ಮನವಿ ಮೇಲೆ ಮನವಿ ಕೊಡುತ್ತಾ ಹೋದರೆ ಗಡುವು ಮುಂದೆ ಹೋಗುವುದಿಲ್ಲ, ಜಾಸ್ತಿ ಜನ ಎಡವುವುದು ಇಲ್ಲೇ. ಆಡಳಿತ ನ್ಯಾಯಮಂಡಳಿಗೆ ಹೋಗಲು ಅಂತಿಮ ಆದೇಶದಿಂದ ಒಂದು ವರ್ಷ ಮಾತ್ರ. ಮನವಿಗೆ ಆರು ತಿಂಗಳು ಉತ್ತರವೇ ಬರದಿದ್ದರೆ, ಆ ಆರು ತಿಂಗಳು ಮುಗಿದ ಮೇಲೆ ಒಂದು ವರ್ಷ.

ರಾಜ್ಯ ಸರ್ಕಾರದ ಸಿವಿಲ್ ಹುದ್ದೆ ಆದರೆ ಮೊದಲು ಕೆಎಟಿ, ಅಂದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ. ಬೆಂಗಳೂರಿನ ಜೊತೆ ಬೆಳಗಾವಿ, ಕಲಬುರಗಿಯಲ್ಲೂ ಪೀಠಗಳಿವೆ. ನಿಗಮ, ಮಂಡಳಿ ಆದರೆ ಸಾಮಾನ್ಯವಾಗಿ ನೇರ ಹೈಕೋರ್ಟ್, ಸಂವಿಧಾನದ 226ನೇ ವಿಧಿ ಅಡಿ ರಿಟ್ ಅರ್ಜಿ. ಸೇವಾ ವಿಷಯ ನೋಡುವ ವಕೀಲರನ್ನೇ ಹಿಡಿಯಿರಿ. ದುಡ್ಡಿನ ಅನುಕೂಲ ಇಲ್ಲದಿದ್ದರೆ ಕಾನೂನು ಸೇವಾ ಪ್ರಾಧಿಕಾರದಲ್ಲಿ ವಿಚಾರಿಸಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ನೋಡದೆ ಉಚಿತ ನೆರವು ಸಿಗುತ್ತದೆ.

ನಿಮಗಿಂತ ಕಡಿಮೆ ಅಂಕದವರಿಗೆ ಹುದ್ದೆ ಕೊಟ್ಟಿದ್ದಾರೆ ಅನ್ನುವುದು ನಿಮ್ಮ ದೂರಾದರೆ ಅವರನ್ನೂ ಪ್ರತಿವಾದಿ ಮಾಡಲೇಬೇಕು, ಇಲ್ಲದಿದ್ದರೆ ಅದೊಂದೇ ಕಾರಣಕ್ಕೆ ಅರ್ಜಿ ಬಿದ್ದುಹೋಗಬಹುದು. ಅರ್ಜಿ ಹಾಕಿದ ದಿನವೇ ಮಧ್ಯಂತರ ಆದೇಶವನ್ನೂ ಕೇಳಿ: ತೀರ್ಪು ಬರುವವರೆಗೆ ನಿಮ್ಮ ಪ್ರವರ್ಗದಲ್ಲಿ ಒಂದು ಹುದ್ದೆ ಖಾಲಿ ಇಡಬೇಕು ಅಂತ.