ಜಗುಲಿ ದೀಪಕ್ಕೆ ಬರುವ ಬಿಳಿ ಪತಂಗ: ಮೊಗೆಬಳ್ಳಿಯದ್ದೇ ಅಂತ ಗುರುತಿಸುವುದು ಹೇಗೆ?

ಶಿರಸಿ ಕಡೆ ಮಳೆಗಾಲದಲ್ಲಿ ಜಗುಲಿ ದೀಪ ಹಾಕಿದರೆ ಸಾಕು, ಗೋಡೆ ತುಂಬ ಹುಳ. ಕಳೆದ ವರ್ಷ ಅದರಲ್ಲೊಂದು ಬಿಳಿ ಪತಂಗ ಕೂತಿತ್ತು. ಚೆಂದ ಇದೆ ಅಂತ ನೋಡಿ ಸುಮ್ನೆ ಒಳಗೆ ಹೋದೆ. ಆಮೇಲೆ ನೋಡಿದರೆ ಹಿತ್ತಿಲ ಮೊಗೆಬಳ್ಳಿಯ (ಮಂಗಳೂರು ಸೌತೆ ಬಳ್ಳಿಯ) ಎಲೆಗಳೆಲ್ಲ ಮಡಚಿಕೊಂಡಿವೆ, ಎಳೆ ಮೊಗೆಕಾಯಿಯ ಸಿಪ್ಪೆ ಕೆರೆದಂತಾಗಿದೆ. ಅವತ್ತು ಬಹಳ ಬೇಜಾರಾಯಿತು. ಈಗ ಬಿಳಿ ಪತಂಗ ಕಂಡರೆ ಹತ್ತಿರ ಹೋಗಿ ನೋಡದೆ ಬಿಡುವುದಿಲ್ಲ.

ಮೊದಲು ಬಾಲದ ತುದಿ ನೋಡಿ. ಅಲ್ಲಿ ಕಂದು-ಹಳದಿ ಕೂದಲಿನ ಸಣ್ಣ ಕುಚ್ಚು ಇರುತ್ತದೆ. ಕೂತಲ್ಲೇ ಬಾಲ ಎತ್ತಿ ಆ ಕುಚ್ಚನ್ನು ಅರಳಿಸಿ ಅತ್ತಿತ್ತ ಆಡಿಸುತ್ತದೆ. ಹೆಣ್ಣಿನಲ್ಲಿ ಇದು ಎದ್ದು ಕಾಣುತ್ತದೆ. ಆಮೇಲೆ ರೆಕ್ಕೆ. ಗೋಡೆಗೆ ಅಂಟಿಸಿದ ಹಾಗೆ ಬಿಡಿಸಿಕೊಂಡು ಕೂರುತ್ತದೆ, ಅಗಲ ಒಂದು ಇಂಚಿನ ಆಸುಪಾಸು. ಅಂಚಿಗೆ ದಪ್ಪನೆಯ ಕಡು ಕಂದು ಪಟ್ಟಿ, ನಡುವೆ ಬಿಳಿ ತ್ರಿಕೋನ. ಆ ಬಿಳಿ ಸುಣ್ಣದ ಬಿಳಿಯಲ್ಲ. ತೆಳ್ಳಗಿದ್ದು ಹೊಳೆಯುತ್ತದೆ, ಟಾರ್ಚ್ ಓರೆಯಾಗಿ ಹಿಡಿದರೆ ಗೊತ್ತಾಗುತ್ತದೆ. ತಲೆಯೂ ಕಂದು. ಇಷ್ಟು ಸಿಕ್ಕಿದರೆ ಅದು ಡಯಾಫೇನಿಯಾ ಇಂಡಿಕಾ, ಸೌತೆ ಜಾತಿಯ ಬಳ್ಳಿಗಳ ಪತಂಗ.

ಗದ್ದೆ ಹತ್ತಿರದ ಮನೆಗಳಿಗೆ ಬೇರೆ ಬಿಳಿ ಪತಂಗಗಳೂ ಬರುತ್ತವೆ. ಭತ್ತದ ಕಾಂಡ ಕೊರೆಯುವ ಹುಳದ ಹೆಣ್ಣು ಹಳದಿ ಛಾಯೆಯದ್ದು. ಮುಂದಿನ ರೆಕ್ಕೆಗೆ ಒಂದೊಂದು ಕಪ್ಪು ಚುಕ್ಕೆ, ರೆಕ್ಕೆ ಮಾಡಿನಂತೆ ಮಡಚಿರುತ್ತದೆ. ಭತ್ತದ್ದೇ ಕೊಳವೆ ಹುಳುವಿನ ಪತಂಗ ಹಾಲು ಬಿಳಿ, ಮೈಮೇಲೆ ಮಸುಕು ಕಂದು ಗುರುತು. ಎರಡಕ್ಕೂ ಅಗಲವಾದ ಕಂದು ಅಂಚಿಲ್ಲ. ಅವು ನಿಮ್ಮ ಮೊಗೆಬಳ್ಳಿಗೆ ಏನೂ ಮಾಡುವುದಿಲ್ಲ.

ಗುರುತು ಸಿಕ್ಕಿತು ಅಂದರೆ ಮರುದಿನ ಬೆಳಿಗ್ಗೆಯಿಂದಲೇ ಬಳ್ಳಿ ನೋಡಲು ಶುರು ಮಾಡಿ. ಮೊಗೆ, ಸೌತೆ, ಹಾಗಲ, ಪಡವಲ, ತೊಂಡೆ ಎಲ್ಲದರ ಎಲೆ ಮಗುಚಿ ನೋಡಬೇಕು. ನೂಲು ಹಾಕಿ ಮಡಚಿದ ಎಲೆ ಬಿಡಿಸಿದರೆ ಒಳಗೆ ಈ ಪತಂಗದ ಹಸಿರು ಮರಿಹುಳ, ಬೆನ್ನಿನ ಉದ್ದಕ್ಕೂ ಎರಡು ಬಿಳಿ ಗೆರೆ. ಆ ಗೆರೆ ಕಂಡರೆ ಅನುಮಾನವೇ ಬೇಡ. ಎಲೆಗೆ ತಾಗಿದ ಕಾಯಿಯನ್ನೂ ಎತ್ತಿ ನೋಡಿ, ಅಡಿಭಾಗ ಕೆರೆಯುವುದು ಅಲ್ಲೇ ಜಾಸ್ತಿ. ನಾನು ಮಡಚಿದ ಎಲೆ ಕಿತ್ತು ಸೋಪು ನೀರಿನ ಬಕೆಟ್ಟಿಗೆ ಹಾಕುತ್ತೇನೆ. ಗೊಬ್ಬರದ ಗುಂಡಿಗೆ ಹಾಗೇ ಎಸೆಯಬೇಡಿ. ಎಲೆಯ ಮಡಿಕೆಯಲ್ಲೇ ಹುಳ ಕೋಶ ಕಟ್ಟುತ್ತದೆ, ಅಲ್ಲಿಂದಲೇ ಮತ್ತೆ ಪತಂಗ ಏಳುತ್ತದೆ.